ಫ್ರೀಡೈವರ್ ಮೇಲೆ ಒಂದು ಕಿರುಚಿತ್ರ: ಉಸಿರು ಹಿಡಿದು ಶೂಟ್ ಮಾಡೋದಾ, ಸಿಲಿಂಡರ್ ಹಾಕ್ಕೊಂಡಾ?

ಚೌಕಟ್ಟು:
ಎಲ್ರಿಗೂ ನಮಸ್ಕಾರ. ನಾನು ನೆಲದ ಮೇಲೆ ಡಾಕ್ಯುಮೆಂಟರಿ ಶೂಟ್ ಮಾಡೋನು, ನೀರೊಳಗೆ ಕ್ಯಾಮೆರಾ ಇಳಿಸೋದು ಈಗ ಶುರು ಮಾಡ್ತಿದೀನಿ. ಸ್ಕೂಬಾ ಸರ್ಟಿಫಿಕೇಟ್ ಇದೆ, ಒಂದೇ ಉಸಿರು ಹಿಡಿದು ಮುಳುಗೋ ಫ್ರೀಡೈವಿಂಗ್ ಬೇಸಿಕ್ ಕೋರ್ಸೂ ಮುಗಿಸಿದೀನಿ. ನನ್ನ ಗೆಳತಿಯೊಬ್ಳು ಮಾನೋಫಿನ್ (ಎರಡೂ ಪಾದ ಸೇರಿಸಿ ಹಾಕೋ ಒಂದೇ ಅಗಲದ ಫಿನ್) ಹಾಕ್ಕೊಂಡು ಹಗ್ಗದ ಗುಂಟ 30 ಮೀಟರ್ ಆರಾಮಾಗಿ ಹೋಗಿ ಬರ್ತಾಳೆ, ಅವಳ ಒಂದೇ ಒಂದು ಡೈವ್ ಮೇಲೆ ನಾಲ್ಕೈದು ನಿಮಿಷದ ಚಿತ್ರ ಮಾಡ್ಬೇಕು ಅಂತ ಆಸೆ. ಸ್ಕೂಬಾ ಕಡೆಯವ್ರು ಸಿಲಿಂಡರ್ ಹಾಕ್ಕೊಂಡು ಕೆಳಗೆ ಕೂತು ನಿಧಾನಕ್ಕೆ ಮಾಡಪ್ಪಾ ಅಂತಾರೆ, ಫ್ರೀಡೈವಿಂಗ್ ಕಡೆಯವ್ರು ಸಿಲಿಂಡರ್ ಅಂದ್ರೆ ಮುಖ ಸಿಂಡರಿಸ್ತಾರೆ. ನೀವೆಲ್ಲ ಹೇಗ್ ಮಾಡ್ತೀರಿ? ಇನ್ನೊಂದು, ನಾನು ತೆಗೆದ ಟೆಸ್ಟ್ ಫೂಟೇಜ್ ಪೂರ್ತಿ ನೀಲಿ, ಮುಖದಲ್ಲಿ ರಕ್ತಾನೇ ಇಲ್ದಂಗೆ ಕಾಣತ್ತೆ, ಅದಕ್ಕೇನಾದ್ರೂ ದಾರಿ ಇದ್ಯಾ?

ಕಡಲ್ಗಣ್ಣು:
ಯಾವ ಶಾಟ್ ಬೇಕು ಅನ್ನೋದ್ರ ಮೇಲೆ ನಿಂತಿದೆ ಇದು. ಲೆಕ್ಕ ಹಾಕಿ ನೋಡಿ. ಫ್ರೀಡೈವರ್ ಹೆಚ್ಚು ಕಮ್ಮಿ ಸೆಕೆಂಡಿಗೆ ಒಂದು ಮೀಟರ್ ವೇಗದಲ್ಲಿ ಇಳೀತಾರೆ, ಹತ್ತೋದೂ ಅಷ್ಟೇ. 30 ಮೀಟರ್‌ಗೆ ಹೋಗಕ್ಕೆ ಅರ್ಧ ನಿಮಿಷ, ಬರಕ್ಕೆ ಅರ್ಧ ನಿಮಿಷ. ಸ್ಕೂಬಾದಲ್ಲಿರೋನು ನಿಮಿಷಕ್ಕೆ 9-10 ಮೀಟರ್‌ಗಿಂತ ಜೋರಾಗಿ ಮೇಲೆ ಬರಬಾರ್ದು ಅಂತ ತಾನೆ ಹೇಳ್ಕೊಡೋದು? ಅಂದ್ರೆ ಅವ್ಳು ಮೇಲೆ ಬಂದು ಮುಖ ಒರೆಸ್ಕೊಳ್ಳೋ ಹೊತ್ತಿಗೆ ನೀವು ಇನ್ನೂ 20 ಮೀಟರ್ ದಾಟಿರಲ್ಲ. ಹಿಂಬಾಲಿಸೋ ಶಾಟ್ ಸಿಲಿಂಡರಲ್ಲಿ ಆಗೋ ಮಾತೇ ಅಲ್ಲ, ಹಠಕ್ಕೆ ಬಿದ್ದು ಮೇಲೆ ಕೆಳಗೆ ಮೇಲೆ ಕೆಳಗೆ ಅಂತ ಹೋದ್ರೆ ಡಿಕಂಪ್ರೆಷನ್ ಕಾಯಿಲೆ (ಮೈಯಲ್ಲಿ ನೈಟ್ರೋಜನ್ ಗುಳ್ಳೆ ಕಟ್ಟೋದು) ಕಟ್ಟಿಟ್ಟ ಬುತ್ತಿ.

ಆದ್ರೆ ಒಂದೇ ಆಳದಲ್ಲಿ, 15 ಮೀಟರ್ ಅಂತಿಟ್ಕೊಳಿ, ಹಗ್ಗದಿಂದ ಸ್ವಲ್ಪ ದೂರ ನಿಂತು ಅವ್ಳು ಹಾದು ಹೋಗೋದನ್ನ ಹಿಡೀಬೇಕು ಅಂದ್ರೆ ಸ್ಕೂಬಾ ಚಿನ್ನ. ಉಸಿರಿನ ಗಡಿಬಿಡಿ ಇಲ್ಲ, ಫೋಕಸ್ ನೋಡ್ಕೋಬಹುದು, ಬರೋವಾಗ ಇನ್ನೊಂದ್ಸಲ ಹಿಡೀಬಹುದು. ಎರಡನ್ನೂ ಬೆರೆಸಿ ಎಡಿಟಲ್ಲಿ ಕಟ್ಟಿ.

ಉಪ್ಪುನೀರು:
ಗುಳ್ಳೆ ಮರೀಬೇಡಿ. ಕೆಳಗಿಂದ ಮೇಲಕ್ಕೆ ಕ್ಯಾಮೆರಾ ತಿರುಗಿಸಿದ್ರೆ ಫ್ರೇಮ್ ತುಂಬ ನಿಮ್ಮದೇ ಗುಳ್ಳೆ.

ಲೆನ್ಸ್ ಮಾಮ:
ಬಿಟ್ಟ ಉಸಿರನ್ನೇ ಶುದ್ಧ ಮಾಡಿ ಮತ್ತೆ ಕೊಡೋ ರೀಬ್ರೀದರ್ ಇದ್ರೆ ಆ ತಲೆನೋವಿಲ್ಲ, ಆದ್ರೆ ಅದು ಬೇರೇನೇ ಓದು, ಒಂದು ಕಿರುಚಿತ್ರಕ್ಕೋಸ್ಕರ ಕಲಿಯೋ ವಸ್ತು ಅಲ್ಲ. ಮೇಲೆ ಏರೋ ವೇಗದ ಕಟ್ಟು ಅದಕ್ಕೂ ಇದ್ದೇ ಇದೆ.

ಎರಡನೇ ಜೋಡಿ ಕಣ್ಣು:
ಎಲ್ರೂ ಕ್ಯಾಮೆರಾ ಬಗ್ಗೆ ಮಾತಾಡ್ತಿದೀರಿ, ಕ್ಯಾಮೆರಾ ಹಿಡಿದೋನನ್ನ ನೋಡ್ಕೊಳ್ಳೋರು ಯಾರು ಅಂತ ಒಬ್ರೂ ಕೇಳಿಲ್ಲ. ಫ್ರೀಡೈವಿಂಗಲ್ಲಿ ಮೊದಲ ಪಾಠವೇ ಒಬ್ಬರು ಕೆಳಗಿದ್ರೆ ಒಬ್ಬರು ಮೇಲೆ. ಅವ್ಳು ಕೆಳಗೆ, ಅವಳನ್ನ ಶೂಟ್ ಮಾಡ್ತಾ ನೀವೂ ಉಸಿರು ಹಿಡಿದು ಕೆಳಗೆ, ಆಗ ಮೇಲೆ ಯಾರಿದಾರೆ? ವ್ಯೂಫೈಂಡರಲ್ಲಿ ಅವಳನ್ನ ನೋಡ್ತಾ ಇರೋದ್ರಿಂದ ನಾನೇ ಅವಳನ್ನ ಕಾಯೋ ಜೊತೆಗಾರ ಅಂತ ತುಂಬ ಜನ ಅಂದ್ಕೋತಾರೆ, ಎರಡು ಕೈಯಲ್ಲಿ ಹೌಸಿಂಗ್ (ಕ್ಯಾಮೆರಾಗೆ ನೀರು ನುಗ್ಗದ ಪೆಟ್ಟಿಗೆ) ಹಿಡಿದು, ತಾನೇ ಆಕ್ಸಿಜನ್ ಸಾಲದಲ್ಲಿರೋನು ಇನ್ನೊಬ್ಬರನ್ನ ಎತ್ಕೊಂಡು ಬರಕ್ಕಾಗತ್ತಾ?

ಅವಳಿಗೊಬ್ರು ಸೇಫ್ಟಿ, ನಿಮಗೊಬ್ರು ಸೇಫ್ಟಿ. ಒಟ್ಟು ನಾಲ್ಕು ಜನ ನೀರಲ್ಲಿರ್ಬೇಕು. ಇದರಲ್ಲಿ ಚೌಕಾಸಿ ಬೇಡ.

ಬಿಸಿಲುಕೋಲು:
ನಾಲ್ಕು ಜನ ಅಂದ್ರೆ ಸಣ್ಣ ಚಿತ್ರ ಮಾಡೋರು ಮನೇಲಿರ್ಬೇಕು ಅಷ್ಟೇ. ನಾವು ಇಬ್ರೇ ಹೋಗಿ 8-10 ಮೀಟರಲ್ಲಿ ಸುಮಾರು ವರ್ಷದಿಂದ ಶೂಟ್ ಮಾಡ್ತಿದೀವಿ. ಹತ್ತು ಮೀಟರ್‌ಗೆ ಇಷ್ಟು ದೊಡ್ಡ ವ್ಯವಸ್ಥೆ ಬೇಕಾ? ಆಳಕ್ಕೆ ಹೋದಾಗ ಸರಿ.

ಎರಡನೇ ಜೋಡಿ ಕಣ್ಣು:
ಬಿಸಿಲುಕೋಲು ಅವ್ರೇ, ಅಪಾಯ ಇರೋದೇ ಆ ಕೊನೇ ಹತ್ತು ಮೀಟರಲ್ಲಿ. 10 ಮೀಟರಲ್ಲಿ ಒತ್ತಡ 2 ಆಟ್ಮಾಸ್ಫಿಯರ್, ಮೇಲ್ಮೈಯಲ್ಲಿ 1. ಆಳದಲ್ಲಿ ಶ್ವಾಸಕೋಶ ಹಿಂಡಿರೋದ್ರಿಂದ ಉಳಿದಿರೋ ಚೂರುಪಾರು ಆಕ್ಸಿಜನ್ನೂ ರಕ್ತಕ್ಕೆ ಸಿಗ್ತಾ ಇರತ್ತೆ, ತಲೆ ಕೆಲಸ ಮಾಡತ್ತೆ, ಚೆನ್ನಾಗಿದೀನಿ ಅನ್ಸತ್ತೆ. ಆ ಹತ್ತು ಮೀಟರ್ ಏರೋವಾಗ ಆ ಒತ್ತಡ ನೇರ ಅರ್ಧಕ್ಕೆ ಬೀಳತ್ತೆ, ಬ್ಲ್ಯಾಕೌಟ್ ಆಗೋದು, ಅಂದ್ರೆ ಪ್ರಜ್ಞೆ ತಪ್ಪೋದು, ಅಲ್ಲೇ, ಎಷ್ಟೋ ಸಲ ಮೇಲೆ ಬಂದು ಒಂದು ಉಸಿರು ತಗೊಂಡ ಮೇಲೂ ಆಗತ್ತೆ, ಯಾಕಂದ್ರೆ ಆ ಗಾಳಿ ಮೆದುಳಿಗೆ ಮುಟ್ಟಕ್ಕೆ ಕೆಲವು ಸೆಕೆಂಡ್ ಬೇಕು. ಈಜುಕೊಳದಲ್ಲೇ ಜನ ಪ್ರಾಣ ಬಿಟ್ಟಿದಾರೆ. ಆಳ ಕಮ್ಮಿ ಅಂತ ನೆಮ್ಮದಿಯಾಗಿರೋ ಹಾಗಿಲ್ಲ.

ಅದರ ಮೇಲೆ ಕ್ಯಾಮೆರಾ ಹಿಡಿದೋನ ಗಮನ ಬೇರೆ ಕಡೆ. ಹೌಸಿಂಗ್ ತಳ್ಕೊಂಡು ಈಜೋಕೆ ಆಕ್ಸಿಜನ್ ಜಾಸ್ತಿ ಖರ್ಚು. ಶಾಟ್ ಚೆನ್ನಾಗಿ ಬರ್ತಿದೆ ಅಂದ್ರೆ ಇನ್ನೊಂದೆರಡು ಸೆಕೆಂಡ್ ಅಂತ ಉಸಿರು ಬೇಕು ಅಂತ ಹೊಟ್ಟೆ ಒದರೋದನ್ನೂ ಲೆಕ್ಕಕ್ಕೆ ತಗೊಳಲ್ಲ.

ಹವಳದ ಹುಡುಗಿ:
ಇದನ್ನ ನಾನು ಕಣ್ಣಾರೆ ನೋಡಿದೀನಿ. ಒಂದು ಶೂಟಲ್ಲಿ ಸೇಫ್ಟಿ ಕೆಲಸ ನನ್ನದಿತ್ತು. ಕ್ಯಾಮೆರಾಮನ್ ಮೇಲೆ ಬಂದ, ಬಂದವನೇ ಉಸಿರು ತಗೊಳೋ ಬದ್ಲು ಹೌಸಿಂಗ್ ಹಿಂದಿನ ಸ್ಕ್ರೀನ್ ಕಡೆ ಬಗ್ಗಿದ, ಫೋಕಸ್ ಸಿಕ್ತಾ ನೋಡಕ್ಕೆ. ತುಟಿ ಬೂದುಬಣ್ಣ, ತಲೆ ಸಣ್ಣಗೆ ಅಲ್ಲಾಡ್ತಿತ್ತು, ಹೆಬ್ಬೆರಳು ಮಾತ್ರ ಪ್ಲೇ ಬಟನ್ ಹುಡುಕ್ತಾ ಇತ್ತು. ಗದ್ದದ ಕೆಳಗೆ ಕೈ ಕೊಟ್ಟು ಮುಖ ನೀರಿಂದ ಮೇಲಕ್ಕೆತ್ತಿ "ಉಸಿರು ತಗೋ, ಉಸಿರು ತಗೋ" ಅಂತ ಕಿವಿ ಹತ್ರ ಕೂಗಿದೆ. ಎರಡು ಮೂರು ಉಸಿರಾದ್ಮೇಲೆ ಕಣ್ಣು ನನ್ನ ಕಡೆ ತಿರುಗ್ತು. ಆಮೇಲೆ ಕೇಳಿದ್ರೆ ತಾನು ಆರಾಮಾಗೇ ಇದ್ದೆ ಅಂತಾನೆ, ಅಲುಗಾಡಿದ್ದೇ ನೆನಪಿಲ್ಲ.

ಅವತ್ತಿಂದ ನಮ್ಮ ಟೀಮಲ್ಲಿ ಕ್ಯಾಮೆರಾ ಹಿಡಿದೋರು ಮೇಲೆ ಬಂದ ತಕ್ಷಣ ಹೌಸಿಂಗ್ ಸೇಫ್ಟಿ ಕೈಗೆ ಕೊಡ್ಬೇಕು. ರಿಕವರಿ ಉಸಿರು ಮುಗಿದು ಕೈಸನ್ನೆ ಮಾಡಿ ಬಾಯಲ್ಲಿ "ಓಕೆ" ಅನ್ನೋವರೆಗೂ ಸ್ಕ್ರೀನ್ ಇಲ್ಲ. ಸ್ಪರ್ಧೆಗಳಲ್ಲಿ ಮೇಲೆ ಬಂದು 15 ಸೆಕೆಂಡಲ್ಲಿ ಮುಖದ ಸಾಮಾನು ತೆಗೆದು ಸನ್ನೆ ಮಾಡಿ ಓಕೆ ಅನ್ಬೇಕು ಅಂತ ರೂಲ್ ಇದ್ಯಲ್ಲ, ಅದನ್ನೇ ನಾವು ಶೂಟಿಗೂ ತಂದ್ವಿ. ಆಮೇಲೂ ಪೂರ್ತಿ ಅರ್ಧ ನಿಮಿಷ ಸೇಫ್ಟಿ ಮುಖ ನೋಡ್ತಾನೇ ಇರ್ತಾರೆ.

ಬಿಸಿಲುಕೋಲು:
ಹೌಸಿಂಗ್ ಕೊಡೋ ಪದ್ಧತಿ ಚೆನ್ನಾಗಿದೆ, ನಾಳೆಯಿಂದಾನೇ ಮಾಡ್ತೀವಿ. ನಾಲ್ಕು ಜನ ಅನ್ನೋದನ್ನ ಇನ್ನೂ ಒಪ್ಪಲ್ಲ, ಮೂರು ಸಾಕು: ಕ್ಯಾಮೆರಾ ಕೊನೇ ಹತ್ತು ಮೀಟರ್ ಹಿಂಬಾಲಿಸದೆ ಮೊದ್ಲೇ ಮೇಲೆ ಬಂದ್ಬಿಟ್ರೆ ಒಬ್ಬನೇ ಸೇಫ್ಟಿ ಇಬ್ರನ್ನೂ ನೋಡ್ಬಹುದು.

ಎರಡನೇ ಜೋಡಿ ಕಣ್ಣು:
ಇಬ್ರಿಗೂ ಒಂದೇ ಹೊತ್ತಿಗೆ ಏನಾದ್ರೂ ಆದ್ರೆ?

ಬಿಸಿಲುಕೋಲು:
ಸರಿ. ನಾಲ್ಕು.

ಪಡುವಣ:
ವಿಷಯ ಬೇರೆ, ಆದ್ರೂ ಕೇಳ್ತೀನಿ. ಫ್ರೆಂಚ್ ಫ್ರೀಡೈವರ್ ಗಿಯೋಮ್ ನೆರಿ ಬಹಾಮಾಸ್‌ನ ಡೀನ್ಸ್ ಬ್ಲೂ ಹೋಲ್ ಅನ್ನೋ ಸಮುದ್ರದ ಆಳದ ಗುಂಡೀಲಿ ತಳಕ್ಕೆ ಹಾರಿ, ಕೆಳಗೆ ನಡೆದು, ಗೋಡೆ ಹತ್ಕೊಂಡು ಮೇಲೆ ಬರೋ 2010ರ ವಿಡಿಯೋ ಫೇಕಂತೆ ಹೌದಾ? 202 ಮೀಟರ್ ಆಳಕ್ಕೆ ಫಿನ್ ಇಲ್ದೆ ಹೋಗಿ ಬರಕ್ಕಾಗತ್ತಾ?

ಲೆನ್ಸ್ ಮಾಮ:
ಮಾರಾಯ್ರೆ, ಅದು ದಾಖಲೆ ಡೈವ್ ಅಂತ ಅವ್ರು ಯಾವತ್ತೂ ಹೇಳ್ಲೇ ಇಲ್ಲ. ಹಲವು ಡೈವ್‌ಗಳನ್ನ ಜೋಡಿಸಿ ಕಟ್ಟಿದ ಕಲಾಚಿತ್ರ ಅದು. ಡೀನ್ಸ್ ಬ್ಲೂ ಹೋಲ್ 202 ಮೀಟರ್ ಇದೆ ನಿಜ, ಆದ್ರೆ ಫಿನ್ ಇಲ್ದೆ ಹಗ್ಗ ಹಿಡೀದೆ ಹೋಗೋ ವಿಭಾಗದಲ್ಲಿ ವಿಲಿಯಂ ಟ್ರೂಬ್ರಿಜ್ ಅದೇ ಜಾಗದಲ್ಲಿ 2016ರಲ್ಲಿ ಮುಟ್ಟಿದ್ದೇ 102 ಮೀಟರ್, ಅದೇ ವಿಶ್ವದಾಖಲೆ ಆಯ್ತು. ಹಾಗಾಗಿ ತಳ ಮುಟ್ಟಿ ನಡೆದ್ರು ಅನ್ನೋದು ಸಿನಿಮಾ. ನನಗೆ ದೊಡ್ಡದು ಅನ್ಸೋದು ಬೇರೆ. ಅದನ್ನ ಶೂಟ್ ಮಾಡಿದ್ದು ಜೂಲಿ ಗೋತಿಯೆ, ಆಕೆಯೂ ಉಸಿರು ಹಿಡಿದೇ ಶೂಟ್ ಮಾಡಿದ್ದು. ನೋಡೋರ ಕಣ್ಣೆಲ್ಲ ಬೀಳೋನ ಮೇಲೆ, ಆ ಪಕ್ಕದಲ್ಲಿ ಕ್ಯಾಮೆರಾ ಹಿಡಿದು ಅಷ್ಟು ನಯವಾಗಿ ಜಾರಿದೋಳ ಬಗ್ಗೆ ಯಾರೂ ಮಾತಾಡಲ್ಲ.

ಕಡಲ್ಗಣ್ಣು:
ಅದಕ್ಕೇ ಚೌಕಟ್ಟು ಅವ್ರೇ, ಫ್ರೀಫಾಲ್ ಹಂತವನ್ನ ಉಪಯೋಗಿಸ್ಕೊಳಿ. ಮೊದಲ ಹತ್ತು ಹದಿನೈದು ಮೀಟರ್ ಕಾಲು ಬಡೀಬೇಕು, ಆಗ ಫ್ರೇಮ್ ಅಲುಗತ್ತೆ. ಆಮೇಲೆ ಶ್ವಾಸಕೋಶ, ವೆಟ್‌ಸೂಟ್ ಎರಡೂ ಹಿಂಡಿ ಮೈ ತಾನಾಗೇ ಮುಳುಗಕ್ಕೆ ಶುರುವಾಗತ್ತೆ, ಕಾಲು ನಿಲ್ಲಿಸಿ ಸುಮ್ನೆ ಬಿದ್ರೆ ಕ್ಯಾಮೆರಾ ಅಲುಗದ ಹಾಗೆ ಹಿಡಿಯೋ ಯಾವ ಗಿಂಬಲ್ಲೂ ಕೊಡದ ಶಾಟ್ ಸಿಗತ್ತೆ. ಇಬ್ರೂ ಒಂದೇ ವೇಗದಲ್ಲಿ ಬೀಳ್ಬೇಕು, ಅದಕ್ಕೆ ತೂಕ ಹೊಂದಿಸೋದರಲ್ಲಿ ಅರ್ಧ ದಿನ ಹೋದ್ರೂ ಚಿಂತೆ ಇಲ್ಲ. ಆದ್ರೆ ನಿಮ್ಮ ಅಳತೆ ದಾಟಿ ಹೋಗ್ಬೇಡಿ. ಬೇಸಿಕ್ ಕೋರ್ಸ್ ಮುಗಿಸಿದೋರು ಕ್ಯಾಮೆರಾ ಇಲ್ದೆ ಹೋಗೋ ಆಳಕ್ಕಿಂತ ಕ್ಯಾಮೆರಾ ಜೊತೆ ತುಂಬ ಕಮ್ಮಿ ಇಟ್ಕೊಬೇಕು.

ಅಲೆಮಾರಿ:
ಅವತಾರ್ ಎರಡನೇ ಭಾಗದಲ್ಲಿ ಕೇಟ್ ವಿನ್ಸ್ಲೆಟ್ ಏಳು ನಿಮಿಷಕ್ಕೂ ಜಾಸ್ತಿ ಉಸಿರು ಹಿಡಿದ್ರಂತೆ, ನಟಿಗೇ ಅಷ್ಟಾದ್ರೆ ನಾವು ಪ್ರಾಕ್ಟೀಸ್ ಮಾಡಿದ್ರೆ ಆಗ್ದೇ ಇರತ್ತಾ?

ಹವಳದ ಹುಡುಗಿ:
ದಯವಿಟ್ಟು ಆ ನಂಬರ್ ಇಟ್ಕೊಂಡು ಒಬ್ರೇ ಈಜುಕೊಳಕ್ಕೆ ಇಳೀಬೇಡಿ. ಅದು ತರಬೇತುದಾರ ಕರ್ಕ್ ಕ್ರ್ಯಾಕ್ ಕೈಕೆಳಗೆ, ಸುತ್ತ ಸೇಫ್ಟಿ ಇಟ್ಕೊಂಡು, ಅಲುಗಾಡದೆ ಹಿಡಿದ ಉಸಿರು. ಫಿನ್ ಬಡೀತಾ, ಡೈಲಾಗ್ ನೆನಪಿಟ್ಕೊಂಡು, ಫೋಕಸ್ ಎಳೀತಾ ಹಿಡಿಯೋದು ಅದಕ್ಕಿಂತ ತುಂಬ ಕಮ್ಮಿ ಇರತ್ತೆ. ಇನ್ನು ಶುದ್ಧ ಆಕ್ಸಿಜನ್ ಉಸಿರಾಡಿ ಹಿಡಿಯೋದು ಬೇರೆ ಆಟ: ಗಾಳಿ ಮೇಲೆ ಸ್ಟೀಫನ್ ಮಿಫ್ಸುದ್ 2009ರಲ್ಲಿ ಮಾಡಿದ್ದು 11 ನಿಮಿಷ 35 ಸೆಕೆಂಡ್, ಆಕ್ಸಿಜನ್ ಮೇಲೆ ಬುದಿಮಿರ್ ಶೊಬಾತ್ 2021ರಲ್ಲಿ ಮಾಡಿದ್ದು 24 ನಿಮಿಷ 37 ಸೆಕೆಂಡ್. ಎರಡನ್ನ ಒಂದೇ ತಕ್ಕಡೀಲಿ ಇಡ್ಬೇಡಿ.

ಅಂದಹಾಗೆ ಆ ಸಿನಿಮಾದಲ್ಲಿ ಉಸಿರು ಹಿಡಿದು ಮಾಡಿದ್ದಕ್ಕೆ ಕಾರಣವೂ ಗುಳ್ಳೆಯೇ, ನಟರ ಚಲನೆ ದಾಖಲಿಸೋ ಮೋಷನ್ ಕ್ಯಾಪ್ಚರ್ ಕ್ಯಾಮೆರಾಗಳಿಗೆ ಗುಳ್ಳೆ ಬಂದ್ರೆ ಮೈಮೇಲಿನ ಗುರುತು ಸಿಗ್ತಿರ್ಲಿಲ್ಲ. ಮೇಲಿನ ಬೆಳಕು ಒಡೆದು ತೊಂದ್ರೆ ಕೊಡಬಾರ್ದು ಅಂತ ಟ್ಯಾಂಕಿನ ನೀರಿನ ಮೇಲೆ ಪೂರ್ತಿ ಸಣ್ಣ ಬಿಳಿ ಚೆಂಡು ಹರಡಿದ್ರು.

ಉಪ್ಪುನೀರು:
ಮತ್ತೆ ಯಾರೂ ಹೈಪರ್‌ವೆಂಟಿಲೇಟ್ ಮಾಡ್ಬೇಡಿ. ಜೋರಾಗಿ ಉಸಿರಾಡಿದ್ರೆ ಆಕ್ಸಿಜನ್ ಜಾಸ್ತಿ ತುಂಬ್ಕೊಳಲ್ಲ, ಕಾರ್ಬನ್ ಡೈಆಕ್ಸೈಡ್ ಇಳಿದು ಉಸಿರು ಬೇಕು ಅನ್ನೋ ಎಚ್ಚರಿಕೆ ತಡವಾಗತ್ತೆ ಅಷ್ಟೇ. ಎಚ್ಚರಿಕೆ ಬರೋ ಮುಂಚೆ ಪ್ರಜ್ಞೆ ಹೋಗತ್ತೆ.

ತೆರೆಮರೆ:
ಸಿನಿಮಾ ಸೆಟ್‌ಗಳಲ್ಲಿ ನೀರಿನ ಕೆಲಸ ಮಾಡ್ತೀನಿ, ಒಂದು ಮಾತು ಸೇರಿಸ್ತೀನಿ. ಚೌಕಟ್ಟು ಅವ್ರ ಟೀಮಲ್ಲಿ ಸ್ಕೂಬಾದವ್ರೂ ಫ್ರೀಡೈವರೂ ಒಟ್ಟಿಗೆ ಇರೋದ್ರಿಂದ ಇದು ಬಹಳ ಮುಖ್ಯ ರೀ. ಕೆಳಗ ಸಿಲಿಂಡರ್ ಹಾಕ್ಕೊಂಡಾವ್ರು ಪ್ರೀತಿಯಿಂದ ರೆಗ್ಯುಲೇಟರ್ (ಸಿಲಿಂಡರ್ ಗಾಳಿ ಬಾಯಿಗೆ ಕೊಡೋ ಸಾಧನ) ಕೊಡ್ತಾರ, ಒಂದು ಉಸಿರು ತಗೊಂಡು ಇನ್ನೊಂದು ಟೇಕ್ ಮಾಡೋಣ ಅಂತ. ಫ್ರೀಡೈವರ್‌ಗೆ ಉಸಿರು ಹಿಡಿದು ಮೇಲೆ ಬರೋದೇ ರೂಢಿ. 10 ಮೀಟರಲ್ಲಿ ಸಿಲಿಂಡರಿಂದ ಎದಿ ತುಂಬ ತಗೊಂಡ ಗಾಳಿ ಮೇಲೆ ಬರೋದ್ರಾಗ ಎರಡು ಪಟ್ಟು ಆಗ್ತೈತಿ, ಬಾಯಿ ಮುಚ್ಕೊಂಡು ಬಂದ್ರ ಶ್ವಾಸಕೋಶ ಹರೀತೈತಿ. ಮೇಲಿಂದ ತುಂಬ್ಕೊಂಡು ಹೋದ ಗಾಳಿಗೆ ಆ ತೊಂದ್ರಿ ಇಲ್ಲ, ಅದು ಹಿಂಡಿ ಮತ್ತ ಮೊದಲಿನ ಗಾತ್ರಕ್ಕೇ ಬರ್ತೈತಿ. ಅದಕ್ಕ ಸ್ಕೂಬಾ ಕಲೀದವ್ರಿಗೆ ಆಳದಾಗ ರೆಗ್ಯುಲೇಟರ್ ಕೊಡೋ ಹಂಗೇ ಇಲ್ಲ. ಕಲಿತವ್ರಿಗೂ ಮೊದಲ ಮಾತಾಡಿಟ್ಕೊಂಡು, ಏರೋವಾಗ ಗಾಳಿ ಬಿಡ್ತಾ ಬರ್ಬೇಕು ಅಂತ ರಿಹರ್ಸಲ್ ಮಾಡ್ಸಿ.

ಚೌಕಟ್ಟು:
ತೆರೆಮರೆ ಸರ್, ಇದು ಗೊತ್ತೇ ಇರ್ಲಿಲ್ಲ, ತುಂಬ ಥ್ಯಾಂಕ್ಸ್. ಹಾಗಾದ್ರೆ ಬೆಳಿಗ್ಗೆ ನಾನು ಸ್ಕೂಬಾದಲ್ಲಿ 15 ಮೀಟರ್ ಶಾಟ್ ಮುಗಿಸಿ, ಮಧ್ಯಾಹ್ನ ಉಸಿರು ಹಿಡಿದು ಫಾಲೋ ಶಾಟ್ ಮಾಡಿದ್ರೆ ಒಂದೇ ದಿನಕ್ಕೆ ಮುಗಿಯತ್ತೆ ಅಲ್ವಾ?

ಕಡಲ್ಗಣ್ಣು:
ಬೇಡ. ಸ್ಕೂಬಾ ಮಾಡಿದ ದಿನ ಫ್ರೀಡೈವ್ ಮಾಡೋ ಹಾಗಿಲ್ಲ. ಮೈಯಲ್ಲಿ ನೈಟ್ರೋಜನ್ ಉಳಿದಿರತ್ತೆ, ಮತ್ತೆ ಮತ್ತೆ ಜೋರಾಗಿ ಇಳಿದು ಹತ್ತಿದ್ರೆ ಆ ಸಣ್ಣ ಗುಳ್ಳೆಗಳು ಎಲ್ಲಿಗೆ ಹೋಗ್ತವೋ ಹೇಳಕ್ಕಾಗಲ್ಲ. ಮೊದಲ ದಿನ ಫ್ರೀಡೈವ್ ಶಾಟ್, ಮಾರನೇ ದಿನ ಸ್ಕೂಬಾ ಶಾಟ್, ಈ ಕ್ರಮ ಇಟ್ಕೊಳಿ.

ಎರಡನೇ ಜೋಡಿ ಕಣ್ಣು:
ಬರೀ ಫ್ರೀಡೈವಿಂಗಲ್ಲೂ ಡಿಕಂಪ್ರೆಷನ್ ಆಗತ್ತೆ ಅನ್ನೋದನ್ನ ಜನ ನಂಬಲ್ಲ. ಪೆಸಿಫಿಕ್ ಸಾಗರದ ತುವಾಮೋತು ದ್ವೀಪಗಳ ಮುತ್ತಿನ ಮುಳುಗುಗಾರರಿಗೆ ದಿನವಿಡೀ ಆಳಕ್ಕೆ ಇಳಿದು ಸಾಕಷ್ಟು ವಿಶ್ರಾಂತಿ ಇಲ್ದೆ ಮತ್ತೆ ಇಳಿದು ತಲೆಸುತ್ತು, ಲಕ್ವ ಆಗ್ತಿತ್ತು, ಅದಕ್ಕೆ ತರವಾನ ಅಂತ ಹೆಸರೇ ಇದೆ. ಶೂಟಿಂಗಲ್ಲಿ "ಇನ್ನೊಂದು ಟೇಕ್, ಇನ್ನೊಂದೇ ಟೇಕ್" ಅಂತೀವಲ್ಲ, ಅದು ಹೆಚ್ಚು ಕಮ್ಮಿ ಅದೇ ಕೆಲಸ. ಕೆಳಗೆ ಕಳೆದ ಹೊತ್ತಿನ ಎರಡರಷ್ಟಾದ್ರೂ ಮೇಲೆ ವಿಶ್ರಾಂತಿ, ಆಳದ ಡೈವಿಗೆ ಇನ್ನೂ ಜಾಸ್ತಿ. ಟೇಕ್ ಎಷ್ಟು ಅನ್ನೋದನ್ನ ನೀರಿಗಿಳಿಯೋ ಮುಂಚೆ ಡೈವರ್ ಹೇಳ್ಬೇಕು, ಡೈರೆಕ್ಟರ್ ಹೇಳಬಾರ್ದು. ಅವಳನ್ನ ತಳದಲ್ಲಿ "ಸ್ವಲ್ಪ ನಿಲ್ಲು, ಕ್ಯಾಮೆರಾ ನೋಡು" ಅಂತಾನೂ ಕೇಳ್ಬೇಡಿ. ಅವ್ಳು ಮನಸ್ಸಲ್ಲಿ ಹಾಕ್ಕೊಂಡಿರೋ ಡೈವ್ ಮುರಿಯತ್ತೆ.

ಪಡುವಣ:
ಗೆಳತಿ 30 ಆರಾಮಾಗಿ ಹೋಗ್ತಾಳಂದ್ರೆ ಇಷ್ಟೊಂದು ಹೆದರಿಸ್ಬೇಕಾ?

ಎರಡನೇ ಜೋಡಿ ಕಣ್ಣು:
ನೆರಿ ಅಂಥವರೇ 2015ರಲ್ಲಿ ಸೈಪ್ರಸ್‌ನಲ್ಲಿ 129 ಮೀಟರ್ ಅಂತ ಇಳಿದ್ರು, ಹಗ್ಗ ಅಳೆದೋರ ತಪ್ಪಿಂದ 139 ಆಗಿತ್ತು, ಮೇಲ್ಮೈ ಹತ್ರ ಬಂದು ಬ್ಲ್ಯಾಕೌಟ್ ಆದ್ರು. ಬದುಕಿದ್ದು ಸೇಫ್ಟಿ ಡೈವರ್ ಪಕ್ಕದಲ್ಲೇ ಇದ್ದಿದ್ರಿಂದ. ಈಜಿಪ್ಟಿನ ದಹಾಬ್‌ನ ಬ್ಲೂ ಹೋಲಲ್ಲಿ 2017ರಲ್ಲಿ ಸ್ಟೀಫನ್ ಕೀನನ್ ತೀರ್ಕೊಂಡಿದ್ದು ತಾನೇ ಸೇಫ್ಟಿ ಆಗಿ ಫ್ರೀಡೈವರ್ ಅಲೆಸ್ಸಿಯಾ ಜೆಕ್ಕಿನಿಯನ್ನ ಮೇಲೆ ತರೋವಾಗ. ಹೆದರಿಸ್ತಿಲ್ಲ ಪಡುವಣ, ಎಲ್ಲರೂ ವಾಪಸ್ ಬರ್ಲಿ ಅಂತ.

ಲೆನ್ಸ್ ಮಾಮ:
ಬಣ್ಣದ ಪ್ರಶ್ನೆ ಎಲ್ರೂ ಮರೆತ್ರು. ನೀರು ಮೊದಲು ಕೆಂಪನ್ನ ನುಂಗತ್ತೆ, 5 ಮೀಟರ್‌ಗೇ ಬಹಳಷ್ಟು ಹೋಗಿರತ್ತೆ, 10ಕ್ಕೆ ನಾಮಕಾವಾಸ್ತೆ ಉಳಿದಿರತ್ತೆ. ಆಳ ಒಂದನ್ನೇ ಲೆಕ್ಕ ಹಾಕಬಾರ್ದು, ಬೆಳಕು ಮೇಲಿಂದ ಅವಳ ಹತ್ರ ಬಂದು ಅಲ್ಲಿಂದ ನಿಮ್ಮ ಲೆನ್ಸಿಗೆ ಬರೋ ದಾರಿ ಪೂರ್ತಿ ಸೇರಿಸ್ಬೇಕು. 6 ಮೀಟರ್ ಆಳದಲ್ಲಿ 4 ಮೀಟರ್ ದೂರದಿಂದ ತೆಗೆದ್ರೆ 10 ಮೀಟರ್ ನೀರು ದಾಟಿದ ಬೆಳಕು ಅದು. ಹಾಗಾಗಿ ಹತ್ತಿರ ಹೋಗಿ, ಆದಷ್ಟೂ ವೈಡ್ ಲೆನ್ಸ್ ಹಾಕಿ. ಕಮ್ಮಿ ಆಳದಲ್ಲಿ ಕೆಂಪು ಫಿಲ್ಟರ್ ಇಲ್ಲಾ ಮ್ಯಾನುಯಲ್ ವೈಟ್ ಬ್ಯಾಲೆನ್ಸ್, ಆಳ ಬದಲಾದ ಹಾಗೆ ಮತ್ತೆ ಮಾಡ್ಬೇಕು. ಫಿಲ್ಟರ್ ಇದ್ದಾಗ ಲೈಟ್ ಹಾಕಿದ್ರೆ ಮುಖ ಕೆಂಪಗೆ ಉರಿಯತ್ತೆ, ಎರಡನ್ನೂ ಒಟ್ಟಿಗೆ ಬಳಸಬೇಡಿ.

ನನ್ನ ಅಭಿಪ್ರಾಯ ಕೇಳಿದ್ರೆ 20 ಮೀಟರ್ ಕೆಳಗೆ ನೀಲಿಯನ್ನ ನೀಲಿಯಾಗೇ ಬಿಡಿ. ಇಲ್ದೇ ಇರೋ ಕೆಂಪನ್ನ ಗ್ರೇಡಿಂಗಲ್ಲಿ ಎಳೆದ್ರೆ ಬರೀ ಕಾಳುಕಾಳು ನಾಯ್ಸ್ ಬರತ್ತೆ. ಆ ಆಳದಲ್ಲಿ ಅವ್ಳು ಕಾಣೋದೂ ಅದೇ ನೀಲಿಯಲ್ಲಿ.

ಅಲೆಮಾರಿ:
ಹೌಸಿಂಗಲ್ಲಿ ಲೆನ್ಸ್ ಮುಂದಿನ ಗಾಜು ಚಪ್ಪಟೆ ಇರೋ ಫ್ಲಾಟ್ ಪೋರ್ಟ್ ಸಾಕಾ, ಉಬ್ಬಿರೋ ಡೋಮ್ ಬೇಕಾ?

ಲೆನ್ಸ್ ಮಾಮ:
ವೈಡ್‌ಗೆ ಡೋಮೇ. ಫ್ಲಾಟಲ್ಲಿ ಎಲ್ಲ ಮೂರನೇ ಒಂದು ಪಾಲು ದೊಡ್ಡದಾಗಿ ಕಾಣತ್ತೆ, ಅಂದ್ರೆ ನಿಮ್ಮ ವೈಡ್ ವೈಡಾಗಿ ಉಳಿಯಲ್ಲ, ಅಂಚಲ್ಲಿ ಬಣ್ಣ ಒಡೆಯತ್ತೆ. ಡೋಮ್ ಹಿಂದೆ ಲೆನ್ಸ್ ಫೋಕಸ್ ಮಾಡೋದು ಡೋಮ್ ಮುಂದೆ ಹತ್ತಿರದಲ್ಲೇ ಮೂಡೋ ಬಿಂಬದ ಮೇಲೆ, ಅದಕ್ಕೇ ಹತ್ತಿರ ಫೋಕಸ್ ಆಗೋ ಲೆನ್ಸ್ ಬೇಕು.

ತೆರೆಮರೆ:
ಹೌಸಿಂಗ್ ಮುಚ್ಚೋ ಕೆಲಸ ಗಾಳಿ ಇಲ್ಲದ ಕಡೆ, ಒಬ್ರೇ ಕೂತು, ಯಾರ ಜೊತೀನೂ ಮಾತಾಡದ ಮಾಡ್ರಿ. ನೀರು ನುಗ್ಗದಂಗ ತಡೆಯೋ ರಬ್ಬರ್ ಬಳೆ, ಓ-ರಿಂಗ್, ತೆಗೆದು ಬೆರಳ ತುದಿಯಾಗ ಸುತ್ತ ಸವರ್ರಿ. ಒಂದು ಕೂದಲು, ಒಂದು ಮರಳಿನ ಕಾಳು ಇದ್ರ ಕಣ್ಣಿಗೆ ಕಾಣೋದಿಲ್ಲ, ಬೆರಳಿಗೆ ಸಿಗ್ತೈತಿ. ಅದು ಕೂರೋ ಕಾಲುವೀನೂ ಒರೆಸ್ರಿ. ಗ್ರೀಸ್ ಹೊಳಪು ಬರೋವಷ್ಟು ಮಾತ್ರ, ಮೆತ್ತಿದ್ರ ಅದೇ ಮರಳು ಹಿಡೀತೈತಿ. ವ್ಯಾಕ್ಯೂಮ್ ಪಂಪ್ ಹಾಕಿ ಗಾಳಿ ಎಳೆದು ಅರ್ಧ ಗಂಟೆ ಬಿಟ್ಟು ಒತ್ತಡ ನಿಂತೈತಾ ನೋಡ್ರಿ, ಆಮೇಲೆ ನೀರು.

ನೀಲಿಹಕ್ಕಿ:
ನಾನು ಬಂದಿದ್ದು ಪ್ರಾಣಿಗಳ ಬಗ್ಗೆ ಹೇಳಕ್ಕೆ. ಉಸಿರು ಹಿಡಿದು ಹೋದ್ರೆ ಹ್ಯಾಮರ್‌ಹೆಡ್ ಶಾರ್ಕ್ ಅಂಥ ನಾಚಿಕೆ ಸ್ವಭಾವದವು ಹತ್ತಿರ ಬಿಟ್ಕೊಳತ್ವೆ, ಗುಳ್ಳೆ ಸದ್ದಿಗೆ ದೂರ ಹೋಗತ್ವೆ. ಕ್ರೇಗ್ ಫಾಸ್ಟರ್ ದಕ್ಷಿಣ ಆಫ್ರಿಕಾದ ಕೆಲ್ಪ್ ಅನ್ನೋ ದೊಡ್ಡ ಕಡಲಪಾಚಿಯ ಕಾಡಲ್ಲಿ ಒಂದು ಆಕ್ಟೋಪಸ್ ಹಿಂದೆ ಸಿಲಿಂಡರ್ರೂ ಇಲ್ದೆ ವೆಟ್‌ಸೂಟೂ ಇಲ್ದೆ ದಿನಾ ಹೋಗಿದ್ದು ನೋಡಿ, 2021ರಲ್ಲಿ ಆಸ್ಕರ್ ಬಂದ ಡಾಕ್ಯುಮೆಂಟರಿ. ಆ ಪ್ರಾಣಿ ಒಪ್ಪಿಕೊಳ್ಳೋವರೆಗೂ ಕಾದ್ರಲ್ಲ, ನನಗೆ ಹಿಡಿಸಿದ್ದು ಅದು. ಈಗ ಕೆಲವರು ಫ್ರೀಡೈವಿಂಗ್ ಕಲಿತ ಕೂಡ್ಲೇ ಆಮೆ ಬೆನ್ನಟ್ಟಿ ವಿಡಿಯೋ ಮಾಡ್ತಾರೆ. ಆಮೆಯೂ ಉಸಿರಿಗೆ ಮೇಲೆ ಬರ್ಲೇಬೇಕು, ದಾರಿ ಅಡ್ಡಗಟ್ಟಿದ್ರೆ ಅದಕ್ಕೆ ಎಷ್ಟು ಕಷ್ಟ ಅಂತ ಉಸಿರು ಹಿಡಿಯೋರಿಗಾದ್ರೂ ಗೊತ್ತಾಗ್ಬೇಕು.

ಅಲೆಮಾರಿ:
ಆಗ್ನೇಯ ಏಷ್ಯಾದ ಕಡಲಲ್ಲಿ ಮುಳುಗಿ ಬದುಕೋ ಬಜಾವ್ ಜನಕ್ಕೆ ಗುಲ್ಮ (ಸ್ಪ್ಲೀನ್) ದೊಡ್ಡದಿರತ್ತೆ ಅಂತ ಓದಿದ್ದೆ, ನಿಜಾನಾ?

ನೀಲಿಹಕ್ಕಿ:
ಹೌದು, 2018ರಲ್ಲಿ ಸೆಲ್ ಪತ್ರಿಕೆಯಲ್ಲಿ ಬಂತು, ಪಕ್ಕದ ನೆಲವಾಸಿ ಜನರಿಗಿಂತ ಸುಮಾರು 50% ದೊಡ್ಡದು, ಡೈವ್ ಮಾಡದ ಬಜಾವ್‌ಗಳಲ್ಲೂ. ಮುಳುಗಿದಾಗ ಗುಲ್ಮ ಕುಗ್ಗಿ ಕೆಂಪು ರಕ್ತಕಣ ಹೊರಗೆ ಬಿಡತ್ತೆ, ನಮ್ಮಲ್ಲೂ ಅಷ್ಟಿಷ್ಟು ಆಗತ್ತೆ. ಮೊದಮೊದಲ ಡೈವ್‌ಗಿಂತ ಆಮೇಲಿನವು ಹಗುರ ಅನ್ಸೋದಕ್ಕೆ ಅದೂ ಒಂದು ಕಾರಣ.

ಚೌಕಟ್ಟು:
ಎಲ್ಲ ಓದ್ದೆ, ಗೆಳತಿಗೂ ಓದಿಸ್ದೆ. ಪ್ಲಾನ್ ಬದಲಾಯ್ತು. ಮೊದಲ ದಿನ ನಾಲ್ಕು ಜನ, ಅವ್ಳು 20 ಮೀಟರ್ ಮಾತ್ರ, ನಾನು ಉಸಿರು ಹಿಡಿದು ಮೊದಲ 10 ಮೀಟರ್ ಜೊತೆಗೆ ಹೋಗಿ ಮೇಲೆ ಬಂದ್ಬಿಡ್ತೀನಿ, ಟೇಕ್ ಎಷ್ಟು ಅಂತ ಅವಳೇ ಹೇಳ್ತಾಳೆ. ಮಾರನೇ ದಿನ ನಾನು ಸ್ಕೂಬಾದಲ್ಲಿ 15 ಮೀಟರಲ್ಲಿ ನನ್ನ ಸ್ಕೂಬಾ ಜೊತೆಗಾರನ ಜೊತೆ, ಅವ್ಳು ಪೂರ್ತಿ 30. ಕೊನೇ ಹತ್ತು ಮೀಟರ್ ಅವಳ ಮುಖದ ಕ್ಲೋಸಪ್ ಬೇಕಿತ್ತು, ಅದನ್ನ ಹೇಗೆ ತಗೊಳೋದು?

ಹವಳದ ಹುಡುಗಿ:
ಆ ಜಾಗ ಸೇಫ್ಟಿಯದ್ದು, ಕಣ್ಣಿಗೆ ಕಣ್ಣು ಕೊಟ್ಟು ಅವ್ರು ಜೊತೇಲಿ ಏರ್ತಾರೆ, ಮಧ್ಯೆ ಹೌಸಿಂಗ್ ತೂರಿಸ್ಬೇಡಿ. ಸೇಫ್ಟಿ ತಲೆಗೆ ಒಂದು ಸಣ್ಣ ಆಕ್ಷನ್ ಕ್ಯಾಮೆರಾ ಕಟ್ಟಿ, ಅವ್ರು ಮುಟ್ಟೋದು ನೋಡೋದು ಏನೂ ಬೇಡ, ಅದರ ಪಾಡಿಗೆ ಓಡ್ಲಿ. ಅವಳ ಮುಖ ಪೂರ್ತಿ ಸಿಗತ್ತೆ. ಲೈಟ್ ಮಾತ್ರ ಬೇಡ, ಕಣ್ಣು ಕುಕ್ಕತ್ತೆ.

ಬಿಸಿಲುಕೋಲು:
ದೊಡ್ಡ ಕ್ಯಾಮೆರಾ ಕೈಗೆ ಕಟ್ಕೊಬೇಡಿ. ನೀರಲ್ಲಿ ತೇಲೋದು ಒಂಚೂರು ಜಾಸ್ತಿ ಇರೋ ಹಾಗೆ ಫ್ಲೋಟ್ ಹಾಕಿ, ಏನಾದ್ರೂ ಆದ್ರೆ ಕೈ ಬಿಟ್ರೆ ತಾನೇ ಮೇಲೆ ಬರತ್ತೆ.

ಲೆನ್ಸ್ ಮಾಮ:
ಒಂಚೂರು ಅಂದ್ರೆ ಒಂಚೂರೇ. ಜಾಸ್ತಿ ತೇಲಿದ್ರೆ ತಲೆ ಕೆಳಗೆ ಮಾಡಿ ಮುಳುಗೋ ಡಕ್ ಡೈವಲ್ಲೇ ಅರ್ಧ ಉಸಿರು ಅದನ್ನ ಒತ್ತಕ್ಕೆ ಹೋಗತ್ತೆ. ಮೊದಲು ಈಜುಕೊಳದಲ್ಲಿ ತೂಕ ನೋಡ್ಕೊಳಿ, ಸಮುದ್ರದ ಉಪ್ಪು ನೀರಲ್ಲಿ ಇನ್ನೂ ಸ್ವಲ್ಪ ತೇಲತ್ತೆ ಅಂತ ಲೆಕ್ಕ ಇಟ್ಕೊಂಡು.

ಚೌಕಟ್ಟು:
ಆಯ್ತು ಮಾಮ, ಈ ವಾರ ಕೊಳದಲ್ಲೇ. ನೋಡಿ ಫೂಟೇಜ್ ಹಾಕ್ತೀನಿ.